ಕೆನ್ನಾಯಿಗಳ ಹಿಂದೆ ಹೋದ ಇಬ್ಬರು

ಚಾಮರಾಜನಗರ ಜಿಲ್ಲೆಯ ಯಾವ ಊರಿಗೆ ಹೋದರೂ ಒಂದು ಚಿತ್ರ ಕಣ್ಣಿಗೆ ಬೀಳದೆ ಇರುವುದಿಲ್ಲ. ಹೋಟೆಲಿನ ಗಲ್ಲಾಪೆಟ್ಟಿಗೆಯ ಮೇಲೆ, ಖಾಸಗಿ ಬಸ್ಸಿನ ಡ್ರೈವರ್ ಸೀಟಿನ ಮೇಲ್ಗಡೆ, ಅರಿಸಿನ ವ್ಯಾಪಾರದ ಅಂಗಡಿಯ ಕ್ಯಾಲೆಂಡರಿನಲ್ಲಿ, ಹುಲಿಯ ಬೆನ್ನೇರಿ ಕುಳಿತ ಮಾದಪ್ಪ. ಕಾಡಿನ ಬಗ್ಗೆ ಈ ಸೀಮೆ ತನಗಾಗಿ ಬರೆದುಕೊಂಡ ಚಿತ್ರ ಅದು. ಹುಲಿಯನ್ನು ಕಂಡರೆ ಭಯ ಉಂಟು, ಆದರೆ ಅದು ನಮ್ಮಪ್ಪನ ವಾಹನ ಅನ್ನುವ ಸಲಿಗೆಯೂ ಉಂಟು. ಆನೆಯ ಮಾತಂತೂ ಬಿಡಿ, ಅದಕ್ಕೆ ಗಣಪತಿ ಇದ್ದಾನೆ, ದಸರಾ ಇದೆ, ಅಂಬಾರಿ ಇದೆ. ನವಿಲಿಗೆ ಸುಬ್ರಹ್ಮಣ್ಯ, ಹಾವಿಗೆ ನಾಗರಪಂಚಮಿ. ಇದೇ ಕಾಡಿನಲ್ಲಿ, ಇದೇ ಹುಲಿಯ ಪಕ್ಕದಲ್ಲಿ ಬೇಟೆಯಾಡಿ ಬದುಕುವ ಇನ್ನೊಂದು ಪ್ರಾಣಿಗೆ ಮಾತ್ರ ಯಾರೂ ಇರಲಿಲ್ಲ. ಅದರ ಹೆಸರು ಕೆನ್ನಾಯಿ. ಕೆಲವರು ಕಾಡುನಾಯಿ ಅನ್ನುತ್ತಾರೆ, ಸೀಳುನಾಯಿ ಅನ್ನುವವರೂ ಇದ್ದಾರೆ. ದೇವರ ಪಟದಲ್ಲಿ ಅದಕ್ಕೆ ಜಾಗವಿಲ್ಲ. ಬ್ರಿಟಿಷರ ಕಾಲದ ಕಾಗದಪತ್ರಗಳಲ್ಲಿ ಜಾಗ ಸಿಕ್ಕಿದ್ದು, ಕೊಂದವರಿಗೆ ಇಷ್ಟು ಇನಾಮು ಅನ್ನುವ ಲೆಕ್ಕದಲ್ಲಿ.

ಈ ಕೆನ್ನಾಯಿಗೆ ಒಂದು ಮುಖ ಕೊಟ್ಟವರು ಮೈಸೂರಿನ ಇಬ್ಬರು ಗೆಳೆಯರು, ಕೃಪಾಕರ ಮತ್ತು ಸೇನಾನಿ. ಅವರ ಹೆಸರನ್ನು ಬಿಡಿಸಿ ಹೇಳುವವರು ಕಡಿಮೆ. ಕೃಪಾಕರ-ಸೇನಾನಿ ಎಂದು ಒಂದೇ ಉಸಿರಿನಲ್ಲಿ ಹೇಳುತ್ತೇವೆ. ಛಾಯಾಚಿತ್ರಗಾರರಾಗಿ ಕಾಡಿಗೆ ಹೋದವರು, ಸಿನಿಮಾ ಮಾಡುವವರಾದರು, ನಡುನಡುವೆ ಕನ್ನಡದಲ್ಲಿ ಬರೆದರು. ಅವರ ಕೆಲಸದ ಬಹುಪಾಲು ನಡೆದದ್ದು ಗುಂಡ್ಲುಪೇಟೆ ತಾಲ್ಲೂಕಿನ ಬಂಡೀಪುರ ಮತ್ತು ಅದಕ್ಕೆ ಹೊಂದಿಕೊಂಡ ನೀಲಗಿರಿ ತಪ್ಪಲಿನಲ್ಲಿ. ನಿಶ್ಚಲ ಚಿತ್ರದಿಂದ ಚಲನಚಿತ್ರಕ್ಕೆ ಅವರು ಯಾಕೆ ಹೋಗಬೇಕಾಯಿತು, ಹೋಗಿ ಏನು ಕಂಡರು ಅನ್ನುವುದು ಇವತ್ತಿನ ಮಾತು.

ಅದಕ್ಕೆ ಮೊದಲು ಸ್ವಲ್ಪ ಹಿಂದಕ್ಕೆ ಹೋಗೋಣ. ನಮ್ಮ ಈ ಕಾಡನ್ನು ಹೊರಗಿನ ಜನಕ್ಕೆ ಮೊದಲು ತೋರಿಸಿದವರು ಹೊರಗಿನವರೇ. ಜಿ. ಪಿ. ಸ್ಯಾಂಡರ್ಸನ್ ಎಂಬ ಇಂಗ್ಲಿಷ್ ಅಧಿಕಾರಿ ಮೈಸೂರು ಸಂಸ್ಥಾನದ ನೀರಾವರಿ ಕೆಲಸಕ್ಕೆಂದು ಬಂದವನು. ಚಾಮರಾಜನಗರದ ಹತ್ತಿರ ಬಿಡಾರ ಹೂಡಿ, 1874ರಲ್ಲಿ ಇಲ್ಲಿ ಖೆಡ್ಡಾ ನಡೆಸಿ ಕಾಡಾನೆಗಳ ಹಿಂಡನ್ನೇ ಹಿಡಿದ. 1878ರಲ್ಲಿ, ಭಾರತದ ಕಾಡುಮೃಗಗಳ ನಡುವೆ ತಾನು ಕಳೆದ 13 ವರ್ಷಗಳ ಬಗ್ಗೆ ದೊಡ್ಡ ಪುಸ್ತಕವೊಂದನ್ನು ಚಿತ್ರಗಳ ಸಮೇತ ಪ್ರಕಟಿಸಿದ. ರಡ್ಯಾರ್ಡ್ ಕಿಪ್ಲಿಂಗ್‌ನ ‘ಜಂಗಲ್ ಬುಕ್’ನಲ್ಲಿ ತೂಮಾಯ್ ಎಂಬ ಮಾವುತರ ಹುಡುಗನ ಕಥೆ ಬರುತ್ತದಲ್ಲ, ಅದರಲ್ಲಿ ಆನೆ ಹಿಡಿಸುವ ಪೀಟರ್ಸನ್ ಸಾಹೇಬನೊಬ್ಬ ಇದ್ದಾನೆ. ಆ ಪಾತ್ರಕ್ಕೆ ಮೂಲ ಈ ಸ್ಯಾಂಡರ್ಸನ್ನೇ ಎಂದು ತಿಳಿದವರು ಹೇಳುತ್ತಾರೆ. ಅದೇ ಕಥೆಯನ್ನು ಹಿಡಿದುಕೊಂಡು ‘ನಾನೂಕ್ ಆಫ್ ದಿ ನಾರ್ತ್’ ಖ್ಯಾತಿಯ ರಾಬರ್ಟ್ ಫ್ಲಾಹರ್ಟಿ 1930ರ ದಶಕದಲ್ಲಿ ಮೈಸೂರಿಗೆ ಬಂದ. ಕಾರಾಪುರದ ಮಾವುತರ ಹುಡುಗ ಸಾಬು ನಾಯಕನಾದ. ‘ಎಲಿಫೆಂಟ್ ಬಾಯ್’ 1937ರಲ್ಲಿ ತೆರೆಗೆ ಬಂತು. ಸಾಬು ಅಲ್ಲಿಂದ ಲಂಡನ್ನಿಗೆ ಹೋದ, ಹಾಲಿವುಡ್ಡಿಗೆ ಹೋದ, ಅಲ್ಲಿಯೇ ತೀರಿಕೊಂಡ.

ಆ ಚಿತ್ರದಲ್ಲೊಂದು ಬಿರುಕು ಇದೆ. ಕಾಡು, ಆನೆ, ನದಿ ಎಲ್ಲ ಫ್ಲಾಹರ್ಟಿ ಮೈಸೂರಿನಲ್ಲಿ ತೆಗೆದದ್ದು. ಕಥೆ ಸಾಲದು ಎಂದು ನಿರ್ಮಾಪಕರಿಗೆ ಅನ್ನಿಸಿ, ಜೋಲ್ಟಾನ್ ಕೊರ್ಡಾ ಎಂಬ ಇನ್ನೊಬ್ಬ ನಿರ್ದೇಶಕ ಇಂಗ್ಲೆಂಡಿನ ಸ್ಟುಡಿಯೋದಲ್ಲಿ ಮಾತುಕತೆಯ ದೃಶ್ಯಗಳನ್ನು ಚಿತ್ರೀಕರಿಸಿ ಸೇರಿಸಿದ. ನೋಡುತ್ತಾ ಕುಳಿತರೆ ಯಾವುದು ಕಾರಾಪುರ, ಯಾವುದು ಸ್ಟುಡಿಯೋ ಎಂದು ಗೊತ್ತಾಗಿಬಿಡುತ್ತದೆ. ಕಾಡನ್ನು ನೋಡಲು ಬಂದವನ ಕಣ್ಣು ಒಂದು, ಕಥೆ ಕಟ್ಟಿ ಮಾರುವವರ ಲೆಕ್ಕ ಇನ್ನೊಂದು. ವೆನಿಸ್‌ನಲ್ಲಿ ಅದಕ್ಕೆ ನಿರ್ದೇಶನದ ಪ್ರಶಸ್ತಿ ಬಂತು, ಅದು ಬೇರೆ ಮಾತು. ವನ್ಯಜೀವಿ ಚಿತ್ರಗಳಿಗೆ ಆ ಬಿರುಕಿನ ಸಮಸ್ಯೆ ಇವತ್ತಿಗೂ ತಪ್ಪಿಲ್ಲ.

ಇನ್ನು ನಮ್ಮವರ ಕ್ಯಾಮೆರಾ. ಕರ್ನಾಟಕದಲ್ಲಿ ವನ್ಯಜೀವಿ ಛಾಯಾಗ್ರಹಣಕ್ಕೆ ಒಳ್ಳೆಯ ಪರಂಪರೆಯೇ ಇದೆ. ಬೆಂಗಳೂರಿನ ಇ. ಹನುಮಂತರಾವ್, ಟಿ. ಎನ್. ಎ. ಪೆರುಮಾಳ್, ಸಂಡೂರಿನ ಎಂ. ವೈ. ಘೋರ್ಪಡೆ. ರಾಜಕಾರಣದ ನಡುವೆಯೂ ಕ್ಯಾಮೆರಾ ಬಿಡದ ಘೋರ್ಪಡೆಯವರ ‘ಸನ್‌ಲೈಟ್ ಅಂಡ್ ಶ್ಯಾಡೋಸ್’ 1983ರಲ್ಲಿ ಬಂತು. ಇವರೆಲ್ಲ ಬೆಳೆದದ್ದು ಸಲಾನ್ ಸ್ಪರ್ಧೆಗಳ ಕಾಲದಲ್ಲಿ. ಅಲ್ಲಿ ಒಂದು ಚಿತ್ರ ಎಂದರೆ ಒಂದು ಪೂರ್ಣ ವಸ್ತು. ನೆರಳು ಬೆಳಕು ಹದವಾಗಿರಬೇಕು, ಪ್ರಾಣಿಯ ಕಣ್ಣಿನಲ್ಲಿ ಮಿಂಚಿನ ಚುಕ್ಕಿ ಇರಬೇಕು, ಅಡ್ಡ ಒಂದು ಕಡ್ಡಿಯೂ ಬರಬಾರದು. ಗೂಡಿಗೆ ಬಂದ ಹಕ್ಕಿಯನ್ನು ಕಾದು ಕುಳಿತು ತೆಗೆದ ಆ ಚಿತ್ರಗಳನ್ನು ಈಗ ನೋಡಿದರೂ ಮೆಚ್ಚಿಗೆಯಾಗುತ್ತದೆ. ನಮ್ಮ ಪೂರ್ಣಚಂದ್ರ ತೇಜಸ್ವಿಯವರೂ ಮೂಡಿಗೆರೆಯ ತೋಟದಲ್ಲಿ ಹಕ್ಕಿಗಳ ಹಿಂದೆ ಕ್ಯಾಮೆರಾ ಹಿಡಿದು ಅಲೆದವರೇ. ಅವರು ಅದನ್ನು ಬರವಣಿಗೆಗೂ ತಂದರು.

ಕೃಪಾಕರ-ಸೇನಾನಿ ಶುರು ಮಾಡಿದ್ದು ಈ ಪರಂಪರೆಯ ತುದಿಯಲ್ಲಿ. ಆಗಿನ್ನೂ ಫಿಲಂ ಕಾಲ. ಒಂದು ಸ್ಲೈಡ್ ರೋಲಿನಲ್ಲಿ 36 ಚಿತ್ರ. ಫಿಲಂ ನಿಧಾನದ್ದು, ಬೆಳಕು ಬೇಕು. ಪ್ರಾಣಿಗಳೋ ಬೆಳಕು ಹರಿಯುವ ಹೊತ್ತಿಗೆ ಮತ್ತು ಕತ್ತಲಾಗುವ ಹೊತ್ತಿಗೆ ಓಡಾಡುತ್ತವೆ. ಮೋಡವಿದ್ದರಂತೂ ಮುಗಿಯಿತು, ಚಿತ್ರ ಮಸುಕು. ಏನು ಸಿಕ್ಕಿತು ಎಂದು ಗೊತ್ತಾಗುವುದು ರೋಲು ತೊಳೆಸಿಕೊಂಡು ಬಂದು ದೀಪದ ಪೆಟ್ಟಿಗೆಯ ಮೇಲಿಟ್ಟು ನೋಡಿದಾಗ. ಇವತ್ತು ಮೊಬೈಲಿನಲ್ಲಿ ನಿಮಿಷಕ್ಕೆ ನೂರು ಚಿತ್ರ ತೆಗೆಯುವವರಿಗೆ ಆ ಶಿಸ್ತು ಅರ್ಥವಾಗುವುದು ಕಷ್ಟ. ಪ್ರತಿ ಸಲ ಗುಂಡಿ ಒತ್ತುವಾಗಲೂ ದುಡ್ಡು ಖರ್ಚು. ಹಾಗಾಗಿ ಒತ್ತುವ ಮೊದಲು ನೋಡಬೇಕು, ಒತ್ತುವುದಕ್ಕಿಂತ ಹೆಚ್ಚು ಹೊತ್ತು ನೋಡುತ್ತಲೇ ಇರಬೇಕು. ಹೀಗೆ ನೋಡುತ್ತ ಕುಳಿತವರ ಎದುರಿಗೆ ಕೆನ್ನಾಯಿ ಬಂತು.

ಕೆನ್ನಾಯಿಯ ಬಗ್ಗೆ ನಮ್ಮ ಕಡೆ ಏನೇನು ಮಾತಿದೆ ನಿಮಗೆ ಗೊತ್ತೇ ಇದೆ. ಹಂಗಳ, ಮಂಗಲ, ಕುಂದಕೆರೆಯ ಕಡೆ ದನ ಮೇಯಿಸುವ ಹಿರಿಯರನ್ನು ಕೇಳಿದರೆ, ‘ಅವು ಬಂದೊ ಅಂದ್ರ ಹುಲೀನೂ ದಾರಿ ಬುಟ್ಬುಡ್ತುದ ಕನಪ್ಪ’ ಎನ್ನುತ್ತಾರೆ. ಬಾಲಕ್ಕೆ ಉಚ್ಚೆ ಹೊಯ್ದುಕೊಂಡು ಅದನ್ನು ಜಿಂಕೆಯ ಕಣ್ಣಿಗೆ ಬೀಸಿ ಕುರುಡು ಮಾಡುತ್ತವೆ ಎಂಬ ಮಾತು ಇಲ್ಲಿ ಮಾತ್ರವಲ್ಲ, ಇಂಡಿಯಾದ ಎಷ್ಟೋ ಕಾಡುಗಳ ಅಂಚಿನಲ್ಲಿ ಕೇಳಿಬರುತ್ತದೆ. ಬಿಳಿಯ ಶಿಕಾರಿಗಳಿಗಂತೂ ಇವನ್ನು ಕಂಡರೆ ಆಗುತ್ತಿರಲಿಲ್ಲ. ಹುಲಿ ಕೊರಳು ಹಿಡಿದು ಕೊಲ್ಲುತ್ತದೆ, ಅದು ಗೌರವದ ಸಾವು. ಇವು ಓಡಿಸಿಕೊಂಡು ಹೋಗಿ ಹೊಟ್ಟೆ ಬಗೆದು ತಿನ್ನುತ್ತವೆ, ಇವು ನೀಚ. ಜೊತೆಗೆ, ತಾವು ಹೊಡೆಯಬೇಕಾದ ಜಿಂಕೆ ಕಡವೆಗಳನ್ನು ಇವು ತಿಂದು ಮುಗಿಸುತ್ತವೆ ಎಂಬ ಹೊಟ್ಟೆಕಿಚ್ಚು ಬೇರೆ. ಆದ್ದರಿಂದ ಕಂಡಲ್ಲಿ ಗುಂಡು, ತಂದು ತೋರಿಸಿದರೆ ಇನಾಮು. ಕಾನೂನಿನ ರಕ್ಷಣೆ ಸಿಕ್ಕಿದ್ದು 1972ರ ವನ್ಯಜೀವಿ ಕಾಯ್ದೆ ಬಂದ ಮೇಲೆ.

ಕೆನ್ನಾಯಿಯನ್ನು ಶತ್ರುವಾಗಿ ನೋಡದೆ, ಒಂದು ಪ್ರಾಣಿಯಾಗಿ ಕೂತು ನೋಡಿದವರಲ್ಲಿ ಮೊದಲಿಗರು ಎ. ಜೆ. ಟಿ. ಜಾನ್‌ಸಿಂಗ್. 1976ರಿಂದ 78ರವರೆಗೆ ಅವರು ಬಂಡೀಪುರದಲ್ಲೇ ಇದ್ದು ಕೆನ್ನಾಯಿಗಳ ಅಧ್ಯಯನ ಮಾಡಿದರು. 1931ರಲ್ಲಿ ಮಹಾರಾಜರ ಕಾಲದಲ್ಲಿ ವನ್ಯಧಾಮವಾಗಿ ಶುರುವಾದ ಬಂಡೀಪುರ 1973ರಲ್ಲಿ ಹುಲಿ ಯೋಜನೆಗೆ ಸೇರಿತ್ತು. ಎಲ್ಲರೂ ಹುಲಿ ಹುಲಿ ಅನ್ನುತ್ತಿದ್ದಾಗ ಈ ತಮಿಳುನಾಡಿನ ಮೇಷ್ಟ್ರು ನಡೆದುಕೊಂಡೇ ನಾಯಿಯ ಹಿಂದೆ ಹೋದರು. ಕಾಡಿನ ದೊಡ್ಡ ಪ್ರಾಣಿಯೊಂದನ್ನು ಭಾರತೀಯನೊಬ್ಬ ವಿಜ್ಞಾನಿಯಾಗಿ ಹೀಗೆ ಅಧ್ಯಯನ ಮಾಡಿದ ಮೊದಲ ಕೆಲಸಗಳಲ್ಲಿ ಅದೊಂದು. ಜಾನ್‌ಸಿಂಗ್ 2024ರ ಜೂನ್‌ನಲ್ಲಿ ತೀರಿಕೊಂಡರು. ಗುಂಡ್ಲುಪೇಟೆಯಲ್ಲಿ ಅವರ ಹೆಸರು ಎಷ್ಟು ಜನಕ್ಕೆ ಗೊತ್ತಿದೆಯೋ ಏನೋ, ಗೊತ್ತಿರಬೇಕಾದ ಹೆಸರು ಅದು.

ವಿಜ್ಞಾನಿ ಕಂಡದ್ದು ಪ್ರಬಂಧವಾಗುತ್ತದೆ, ಪ್ರಬಂಧ ಗ್ರಂಥಾಲಯಕ್ಕೆ ಹೋಗುತ್ತದೆ. ಜನರ ಮನಸ್ಸಿನಲ್ಲಿರುವ ಚಿತ್ರ ಬದಲಾಗಬೇಕಾದರೆ ಇನ್ನೊಂದು ಚಿತ್ರವೇ ಬೇಕು. ಎಂಥ ಚಿತ್ರ ಎನ್ನುವುದು ಮುಂದಿನ ಪ್ರಶ್ನೆ.

ಬೇಸಿಗೆಯ ಒಂದು ಬೆಳಿಗ್ಗೆಯನ್ನು ಕಣ್ಣಮುಂದೆ ತಂದುಕೊಳ್ಳಿ. ಬಂಡೀಪುರದ ಒಳಗಿನ ಯಾವುದೋ ಕೆರೆ. ನೀರು ತಳಕ್ಕಿಳಿದಿದೆ, ಸುತ್ತ ಒಣಗಿದ ಕೆಸರಿನ ಮೇಲೆ ಆನೆಯ ಹೆಜ್ಜೆ. ಮುಸುವ ಒಂದು ಸಲ ಕೆಮ್ಮುತ್ತದೆ. ಚುಕ್ಕೆ ಜಿಂಕೆಗಳು ತಲೆ ಎತ್ತುತ್ತವೆ. ಮರುಕ್ಷಣ ಹಿಂಡು ಚೆದುರಿ, ಒಂದು ಜಿಂಕೆ ಮಾತ್ರ ಲಂಟಾನದ ಪೊದೆ ಸೀಳಿಕೊಂಡು ಬಂದು ಕೆರೆಗೆ ಹಾರುತ್ತದೆ. ಕುತ್ತಿಗೆಯವರೆಗೂ ನೀರು. ಅದರ ಹಿಂದೆ ಇಟ್ಟಿಗೆ ಕೆಂಪಿನ ಮೈ, ಕಪ್ಪು ಪೊದೆಬಾಲದ ಏಳೆಂಟು ನಾಯಿಗಳು ದಡಕ್ಕೆ ಬಂದು ನಿಲ್ಲುತ್ತವೆ. ಬೊಗಳುವುದಿಲ್ಲ. ಸಣ್ಣಗೆ ಸಿಳ್ಳೆ ಹಾಕುತ್ತವೆ. ಎರಡು ಆ ದಡಕ್ಕೆ ಸುತ್ತಿಕೊಂಡು ಹೋಗುತ್ತವೆ, ಒಂದು ನೀರಿಗಿಳಿದು ಈಜುತ್ತದೆ, ಉಳಿದವು ಕುಳಿತುಕೊಂಡುಬಿಡುತ್ತವೆ. ಆತುರವಿಲ್ಲ. ಜಿಂಕೆ ಯಾವ ಕಡೆ ಏರಿದರೂ ಅಲ್ಲೊಂದು ನಾಯಿ ಇರುತ್ತದೆ.

ಇಲ್ಲಿ ಒಂದು ಫೋಟೋ ತೆಗೆದಿರಿ ಎಂದುಕೊಳ್ಳಿ. ಜಿಂಕೆ ಬಿದ್ದಿದೆ. ನಾಯಿ ತಲೆ ಎತ್ತಿ ಕ್ಯಾಮೆರಾ ಕಡೆ ನೋಡುತ್ತಿದೆ, ಮೋರೆಯೆಲ್ಲ ರಕ್ತ. ಬೆಳಕು ಚೆನ್ನಾಗಿದೆ, ಕಣ್ಣಿನಲ್ಲಿ ಮಿಂಚಿದೆ, ಅಡ್ಡ ಕಡ್ಡಿ ಇಲ್ಲ. ಸ್ಪರ್ಧೆಯಲ್ಲಿ ಬಹುಮಾನ ಬರಬಹುದು. ಆದರೆ ಆ ಚಿತ್ರ ಏನು ಹೇಳಿತು? ಇನಾಮು ಕೊಡುತ್ತಿದ್ದ ಸಾಹೇಬ ಏನು ಹೇಳುತ್ತಿದ್ದನೋ ಅದನ್ನೇ ಇನ್ನೂ ಅಂದವಾಗಿ ಹೇಳಿತು.

ಈಗ ಕ್ಯಾಮೆರಾ ನಿಲ್ಲಿಸದೆ ಆ ನಾಯಿಯ ಹಿಂದೆಯೇ ಹೋಗಿ. ಹೊಟ್ಟೆ ತುಂಬ ತಿಂದ ನಾಯಿ ನೆರಳಿಗೆ ಹೋಗಿ ಮಲಗುವುದಿಲ್ಲ. ಅದೇ ರಕ್ತದ ಮೋರೆಯಲ್ಲಿ ಗುಡ್ಡದ ಕಡೆ ಓಡುತ್ತದೆ. ಬಂಡೆಯ ಸಂದಿನ ಬಿಲದಿಂದ ಮರಿಗಳು ಉರುಳಿಕೊಂಡು ಬರುತ್ತವೆ, ಅದರ ಬಾಯಿಯನ್ನು ಮೂಗಿನಿಂದ ತಿವಿಯುತ್ತವೆ. ನಾಯಿ ನುಂಗಿದ್ದನ್ನು ಕಕ್ಕಿ ಅವಕ್ಕೆ ಕೊಡುತ್ತದೆ. ಮರಿ ಕಾಯಲು ಬಿಲದ ಬಳಿಯೇ ಉಳಿದಿದ್ದ ನಾಯಿಗೂ ಪಾಲು ಕೊಡುತ್ತದೆ. ಹಾಗೆ ಕೊಡುವುದು ಆ ಮರಿಗಳ ತಾಯಿಯೇ ಆಗಿರಬೇಕಿಲ್ಲ. ಹಿಂಡಿನಲ್ಲಿ ಸಾಮಾನ್ಯವಾಗಿ ಮರಿ ಹಾಕುವುದು ಒಂದು ಹೆಣ್ಣು, ಸಾಕುವುದು ಎಲ್ಲ. ಮರಿಗಳು ಸ್ವಲ್ಪ ದೊಡ್ಡವಾಗಿ ಬೇಟೆಯ ಜಾಗಕ್ಕೆ ಬರುವಂತಾದಾಗ ದೊಡ್ಡವು ಪಕ್ಕಕ್ಕೆ ಸರಿದು ನಿಲ್ಲುತ್ತವೆ, ಮರಿಗಳ ಊಟ ಮೊದಲು. ಹುಲಿ, ಚಿರತೆಗಳ ಕಾಟವಿರುವ ಕಾಡಿನಲ್ಲಿ ಹದಿನೈದಿಪ್ಪತ್ತು ಕಿಲೋ ತೂಗುವ ಈ ಪ್ರಾಣಿ ಬದುಕಿ ಉಳಿದಿರುವುದು ಹೀಗೆ ಹಂಚಿಕೊಂಡು ತಿಂದು. ಓಡಿಸಿಕೊಂಡು ಹೋಗಿ ಬೇಗ ಬೇಗ ತಿನ್ನುವುದಕ್ಕೂ ಕಾರಣವಿದೆ. ತಡಮಾಡಿದರೆ ದೊಡ್ಡವನು ಬಂದು ಕಿತ್ತುಕೊಳ್ಳುತ್ತಾನೆ.

ರಕ್ತದ ಮೋರೆ ಮತ್ತು ಮರಿಯ ಬಾಯಿ, ಇವೆರಡನ್ನೂ ಒಂದೇ ನಿಶ್ಚಲ ಚಿತ್ರದಲ್ಲಿ ತರಲಾಗದು. ನಡುವೆ ಒಂದು ಓಟವಿದೆ, ಅರ್ಧ ಗಂಟೆಯ ಕಾಲವಿದೆ. ಆ ಕಾಲವನ್ನು ಹಿಡಿಯಲು ಸಿನಿಮಾವೇ ಬೇಕು. ಛಾಯಾಚಿತ್ರಗಾರರಾಗಿ ಹೆಸರು ಮಾಡಿದ ಇಬ್ಬರು ಅದನ್ನು ಬಿಟ್ಟು ಇನ್ನೂ ಖರ್ಚಿನ, ಇನ್ನೂ ನಿಧಾನದ ಕೆಲಸಕ್ಕೆ ಕೈ ಹಾಕಿದ್ದು ಇದಕ್ಕೇ ಎಂದು ನಾನು ತಿಳಿದಿದ್ದೇನೆ. ಅವರು ಪ್ರಾಣಿ ಬದಲಿಸಲಿಲ್ಲ, ಕಾಡು ಬದಲಿಸಲಿಲ್ಲ, ಸಾಧನ ಬದಲಿಸಿದರು.

ಸಿನಿಮಾದ ಕಷ್ಟ ಕಡಿಮೆಯದಲ್ಲ. 16 ಮಿಲಿಮೀಟರ್ ಫಿಲಮಿನ 400 ಅಡಿ ರೀಲು ಓಡುವುದು 11 ನಿಮಿಷ. ಡಿಜಿಟಲ್ ಕ್ಯಾಮೆರಾ ಬಂದ ಮೇಲೆ ಆ ಚಿಂತೆ ತಪ್ಪಿತು, ಆದರೆ ಕೆನ್ನಾಯಿ ಮಾತ್ರ ಹಳೆಯ ಕೆನ್ನಾಯಿಯೇ. ಇವತ್ತು ಮೊಯಾರ್ ಕಡೆ ಕಂಡ ಹಿಂಡು ನಾಳೆ ಎಲ್ಲಿರುತ್ತದೋ ಗೊತ್ತಿಲ್ಲ. ಹುಲಿಯಂತೆ ಒಂದು ಹಳ್ಳ ಹಿಡಿದು ಕಾಯುತ್ತ ಕೂತರೆ ಸಿಗುವ ಪ್ರಾಣಿಯಲ್ಲ ಅದು. ಬಿಲದ ಹತ್ತಿರ ಹೋದರೆ ಗಾಬರಿಗೊಂಡು ಮರಿಗಳನ್ನು ಬೇರೆಡೆಗೆ ಸಾಗಿಸಿಬಿಡಬಹುದು, ದೂರ ಉಳಿದರೆ ಏನೂ ಕಾಣದು. ಅವು ನಮ್ಮನ್ನು ನೋಡಿ ನೋಡಿ, ಇವರಿಂದ ತೊಂದರೆಯಿಲ್ಲ ಎಂದು ತೀರ್ಮಾನಿಸುವವರೆಗೆ ಕಾಯಬೇಕು. ಅದಕ್ಕೆ ವರ್ಷಗಳೇ ಬೇಕು. ವರ್ಷಗಟ್ಟಲೆ ಹಿಂದೆ ಬಿದ್ದಾಗ ಇನ್ನೊಂದು ಲಾಭವಾಗುತ್ತದೆ. ಹಿಂಡು ಬರೀ ಹಿಂಡಾಗಿ ಉಳಿಯುವುದಿಲ್ಲ. ಕಿವಿ ಹರಿದದ್ದು ಇದು, ಕುಂಟುವುದು ಅದು, ಯಾವಾಗಲೂ ಹಿಂದೆ ಉಳಿಯುವುದು ಇನ್ನೊಂದು ಎಂದು ಗುರುತು ಸಿಗುತ್ತದೆ. ಯಾರು ಯಾರ ಮಗಳು ಎಂದು ತಿಳಿಯುತ್ತದೆ. ಅಲ್ಲಿಗೆ ಕಥೆ ತಾನಾಗಿ ಹುಟ್ಟುತ್ತದೆ, ಸ್ಟುಡಿಯೋದಲ್ಲಿ ಕಟ್ಟಿ ಸೇರಿಸಬೇಕಾಗುವುದಿಲ್ಲ. ಫ್ಲಾಹರ್ಟಿಯ ಚಿತ್ರದ ಬಿರುಕಿಗೆ ಇರುವ ಮದ್ದು ಇದೊಂದೇ, ಕಾಡಿನಲ್ಲಿ ಹೆಚ್ಚು ಕಾಲ ಉಳಿಯುವುದು.

ಹೀಗೆ ಬಂದದ್ದು ‘ವೈಲ್ಡ್ ಡಾಗ್ ಡೈರೀಸ್’, ನ್ಯಾಷನಲ್ ಜಿಯಾಗ್ರಫಿಕ್ ವಾಹಿನಿಯಲ್ಲಿ ಪ್ರಸಾರವಾಯಿತು. ಆಮೇಲೆ ಅನಿಮಲ್ ಪ್ಲಾನೆಟ್‌ನಲ್ಲಿ ‘ದಿ ಪ್ಯಾಕ್’. 2010ರಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್‌ನಲ್ಲಿ ನಡೆದ ವೈಲ್ಡ್‌ಸ್ಕ್ರೀನ್ ಉತ್ಸವದಲ್ಲಿ ‘ದಿ ಪ್ಯಾಕ್’ಗೆ ಪಾಂಡಾ ಪ್ರಶಸ್ತಿ ಬಂತು. ವನ್ಯಜೀವಿ ಚಿತ್ರ ಮಾಡುವವರು ಹಸಿರು ಆಸ್ಕರ್ ಎಂದು ಕರೆಯುವುದು ಇದನ್ನೇ. ಯಾರಿಗೂ ಬೇಡವಾಗಿದ್ದ ಪ್ರಾಣಿಯೊಂದು ಬಂಡೀಪುರದಿಂದ ಹೊರಟು ಅಲ್ಲಿಯವರೆಗೆ ಹೋಯಿತು.

ಒಂದು ತಕರಾರನ್ನೂ ಹೇಳಿಬಿಡುತ್ತೇನೆ. ವಿದೇಶಿ ವಾಹಿನಿಗಳಿಗೆ ಮಾಡುವ ವನ್ಯಜೀವಿ ಚಿತ್ರಗಳಿಗೆ ಒಂದು ಸಿದ್ಧ ಅಚ್ಚು ಇರುತ್ತದೆ. ಜಾಹೀರಾತಿಗೆ ಮುಂಚೆ ಒಂದು ಆತಂಕ ಬೇಕು, ಹಿನ್ನೆಲೆಯಲ್ಲಿ ತಮಟೆ ಬಾರಿಸಿದಂಥ ಸಂಗೀತ ಬೇಕು, ಕೊನೆಗೆ ಸಮಾಧಾನ ಬೇಕು. ಎಷ್ಟೇ ಪ್ರಾಮಾಣಿಕವಾಗಿ ತೆಗೆದ ದೃಶ್ಯವೂ ಆ ಅಚ್ಚಿನಲ್ಲಿ ಸ್ವಲ್ಪ ಸವೆಯುತ್ತದೆ. ಅಲ್ಲಿ ಕಾಡು ಇರುತ್ತದೆ, ಕಾಡಿನ ಜನ ಇರುವುದಿಲ್ಲ. ಹಳ್ಳದ ದಿಕ್ಕು ತೋರಿಸಿದ ಜೇನುಕುರುಬ, ಸಿಳ್ಳೆ ಕೇಳಿ ಇದು ಇಂಥ ಕಡೆಯಿಂದ ಬಂತು ಎಂದು ಕೈ ತೋರಿಸಿದ ವಾಚರ್, ಇವರೆಲ್ಲ ಚೌಕಟ್ಟಿನ ಹೊರಗೆ. ಅದಕ್ಕೇ ನನಗೆ ಕೃಪಾಕರ-ಸೇನಾನಿಯವರ ಕನ್ನಡ ಬರಹಗಳು ಮುಖ್ಯವಾಗಿ ಕಾಣುತ್ತವೆ. ‘ಕೆನ್ನಾಯಿಯ ಜಾಡಿನಲ್ಲಿ’ ಪುಸ್ತಕವನ್ನು ಸಿನಿಮಾದ ಪಕ್ಕದಲ್ಲಿಟ್ಟುಕೊಂಡು ಓದಬೇಕು. ಇಂಗ್ಲಿಷ್ ನಿರೂಪಕನ ಗಂಭೀರ ದನಿಗೆ ಸಿಗದ ಸಲಿಗೆ ಕನ್ನಡದ ಬರವಣಿಗೆಯಲ್ಲಿ ಸಿಗುತ್ತದೆ. ಅಲ್ಲಿ ತಮ್ಮನ್ನು ತಾವೇ ನಗೆಯಾಡಿಕೊಳ್ಳಬಹುದು, ಜೊತೆಯವರನ್ನು ಕರೆದು ಕೂರಿಸಿಕೊಳ್ಳಬಹುದು. ಚಿತ್ರಕಲೆ, ಸಿನಿಮಾ, ಸಾಹಿತ್ಯ ಎಂದು ನಾವು ಬೇರೆ ಬೇರೆ ಕಪಾಟಿನಲ್ಲಿಡುತ್ತೇವೆ. ಒಂದೇ ಕಾಡಿನಲ್ಲಿ ಬಹಳ ಕಾಲ ಇದ್ದವರಿಗೆ ಒಂದರಲ್ಲಿ ಹೇಳಲಾಗದ್ದು ಇನ್ನೊಂದಕ್ಕೆ ಹರಿದುಹೋಗುತ್ತದೆ.

ನಗೆಯ ಮಾತು ಬಂದಿತಲ್ಲ, ಅದಕ್ಕೆ ಎಲ್ಲರೂ ಕೇಳಿರುವ ಒಂದು ಪ್ರಸಂಗವಿದೆ. 1997ರ ಆಗಸ್ಟ್ 15ರಂದು ಮೈಸೂರಿನಿಂದ ಬೇರೆಯಾಗಿ ಚಾಮರಾಜನಗರ ಹೊಸ ಜಿಲ್ಲೆಯಾಯಿತು. ಅದಾಗಿ ಎರಡು ತಿಂಗಳೂ ತುಂಬಿರಲಿಲ್ಲವೇನೋ, ಅಕ್ಟೋಬರಿನಲ್ಲಿ ವೀರಪ್ಪನ್ ಕೃಪಾಕರ ಮತ್ತು ಸೇನಾನಿಯವರನ್ನು ಬಂಡೀಪುರದಿಂದ ಹೊತ್ತೊಯ್ದ. ಯಾರೋ ದೊಡ್ಡ ಸರ್ಕಾರಿ ಅಧಿಕಾರಿಗಳು ಸಿಕ್ಕಿದರು ಎಂದುಕೊಂಡಿದ್ದನಂತೆ. 14 ದಿನ ಅವನ ಜೊತೆ ಕಾಡಿನಲ್ಲಿ ಕಳೆದು ಅವರು ವಾಪಸು ಬಂದರು. ಆ ದಿನಗಳ ಬಗ್ಗೆ ಅವರು ಕನ್ನಡದಲ್ಲಿ ಬರೆದದ್ದು 2011ರಲ್ಲಿ ‘ಬರ್ಡ್ಸ್, ಬೀಸ್ಟ್ಸ್ ಅಂಡ್ ಬ್ಯಾಂಡಿಟ್ಸ್’ ಎಂಬ ಹೆಸರಿನಲ್ಲಿ ಇಂಗ್ಲಿಷಿಗೂ ಹೋಯಿತು. ಹೆಸರಿನಲ್ಲಿ ಯಾವುದು ಮೊದಲು ಬಂದಿದೆ ನೋಡಿ. ಹಕ್ಕಿ ಮೊದಲು, ಆಮೇಲೆ ಪ್ರಾಣಿ, ಕೊನೆಗೆ ಡಕಾಯಿತ. ಕತ್ತಿನ ಮೇಲೆ ಬಂದೂಕು ಇರುವಾಗಲೂ ಮರದ ಮೇಲಿನ ಹಕ್ಕಿಯ ಕಡೆ ಕಣ್ಣು ಹೋಗುವವರು ಇರುತ್ತಾರೆ. ಆನೆಗಳನ್ನು ಕೊಂದು ದಂತ ಮಾರಿದವನು, ಮನುಷ್ಯರನ್ನೂ ಕೊಂದವನು ಅವನು. ಅದನ್ನು ಮರೆಸದೆ, ಅವನನ್ನೂ ಒಬ್ಬ ಕಾಡು ಬಲ್ಲ ಮನುಷ್ಯನಾಗಿ ನೋಡಿದ್ದು ಆ ಬರಹದ ಗುಣ. ವೀರಪ್ಪನ್ ಬಗ್ಗೆ ಬಂದ ಸಿನಿಮಾಗಳು, ಧಾರಾವಾಹಿಗಳು ಒಂದೆರಡಲ್ಲ. ಗುಂಡಿನ ಸದ್ದೇ ಹೆಚ್ಚಾಗಿರುವ ಆ ಚಿತ್ರಗಳಿಗಿಂತ ಕ್ಯಾಮೆರಾ ಇಲ್ಲದೆ ಬರೆದ ಈ ಪುಟಗಳಲ್ಲಿ ಆ ಮನುಷ್ಯ ಚೆನ್ನಾಗಿ ಕಾಣುತ್ತಾನೆ. 2000ದ ಜುಲೈನಲ್ಲಿ ಗಾಜನೂರಿನಿಂದ ರಾಜ್‌ಕುಮಾರ್ ಅಪಹರಣ, 2002ರಲ್ಲಿ ಕಾಮಗೆರೆಯಿಂದ ಮಾಜಿ ಸಚಿವ ಎಚ್. ನಾಗಪ್ಪನವರ ಅಪಹರಣ ಮತ್ತು ಸಾವು, ಇವೆಲ್ಲ ಆಮೇಲೆ ನಡೆದವು. ಹೊಸ ಜಿಲ್ಲೆಯ ಹೆಸರು ಹೊರಗಿನವರ ಬಾಯಲ್ಲಿ ಬಹಳ ವರ್ಷ ಅವನ ಹೆಸರಿನ ಜೊತೆಗೇ ಬರುತ್ತಿತ್ತು.

ಇನ್ನೊಂದು ಕೆಲಸವನ್ನು ಹೇಳದಿದ್ದರೆ ಇವರ ಚಿತ್ರ ಅರ್ಧವಾಗುತ್ತದೆ. ಬಂಡೀಪುರದ ಅಂಚಿನ ಹಳ್ಳಿಗಳಲ್ಲಿ ಒಲೆ ಉರಿಯುತ್ತಿದ್ದದ್ದು ಕಾಡಿನ ಸೌದೆಯಿಂದ. ಬೆಳಕು ಹರಿಯುವ ಮುಂಚೆ ಹೆಣ್ಣುಮಕ್ಕಳು ಗುಂಪಾಗಿ ಹೊರಡುತ್ತಿದ್ದರು, ಹೊತ್ತು ಏರುವ ಹೊತ್ತಿಗೆ ತಲೆಯ ಮೇಲೆ ಹೊರೆ. ಆನೆ ಸಿಕ್ಕರೆ ಪ್ರಾಣಕ್ಕೆ ಬಂತು. ಇತ್ತ ಕಾಡಿನ ಅಂಚು ವರ್ಷ ವರ್ಷ ಹಿಂದೆ ಸರಿಯುತ್ತಿತ್ತು, ಸೌದೆ ತೆಗೆದ ಜಾಗಕ್ಕೆ ಲಂಟಾನ ಹಬ್ಬುತ್ತಿತ್ತು. ಕಾಡನ್ನು ಚಿತ್ರಿಸುವವನು ಸಾಮಾನ್ಯವಾಗಿ ಮಾಡುವುದೇನೆಂದರೆ ಸೌದೆ ಹೊತ್ತ ಹೆಂಗಸು ಕಾಣದ ಹಾಗೆ ಕ್ಯಾಮೆರಾ ಪಕ್ಕಕ್ಕೆ ತಿರುಗಿಸುತ್ತಾನೆ. ಇಲ್ಲವೆ ಅವಳನ್ನೇ ಕಾಡಿನ ಶತ್ರು ಎಂದು ತೋರಿಸುತ್ತಾನೆ. ಇವರು ಎರಡನ್ನೂ ಮಾಡದೆ, ‘ನಮ್ಮ ಸಂಘ’ ಎಂಬ ಸಂಸ್ಥೆ ಕಟ್ಟಿ ಅಂಚಿನ ಹಳ್ಳಿಗಳ ಮನೆಗಳಿಗೆ ಅಡುಗೆ ಅನಿಲ ತಲುಪಿಸುವ ಕೆಲಸಕ್ಕೆ ಇಳಿದರು. ಕೇಂದ್ರ ಸರ್ಕಾರದ ಉಜ್ವಲ ಯೋಜನೆ ಬಂದದ್ದು 2016ರಲ್ಲಿ, ಇದು ಅದಕ್ಕಿಂತ ಎಷ್ಟೋ ಮೊದಲಿನದು. ಸಿಲಿಂಡರ್ ಹಂಚುವುದು ಕಲೆಯಲ್ಲ, ಒಪ್ಪೋಣ. ಆದರೆ ಕೆನ್ನಾಯಿಯ ಬಿಲದ ಮುಂದೆ ವರ್ಷಗಟ್ಟಲೆ ಕುಳಿತವನಿಗೆ, ಆ ಬಿಲದ ಹಣೆಬರಹ ಹಂಗಳದ ಯಾವುದೋ ಮನೆಯ ಒಲೆಯಲ್ಲಿದೆ ಎಂದು ತಿಳಿಯದೆ ಇರುತ್ತದೆಯೇ? ಮೂರು ದಿನಕ್ಕೆ ಬಂದು ಹೋಗುವ ಕ್ಯಾಮೆರಾಗೆ ಇದು ಕಾಣುವುದಿಲ್ಲ.

ಹಾಗೆ ಬಂದು ಹೋಗುವ ಕ್ಯಾಮೆರಾಗಳೂ ಇವೆ. 2020ರ ಜನವರಿಯಲ್ಲಿ ಬೇರ್ ಗ್ರಿಲ್ಸ್ ಎಂಬ ಸಾಹಸಿಯ ಜೊತೆ ರಜನಿಕಾಂತ್ ಬಂಡೀಪುರಕ್ಕೆ ಬಂದದ್ದು ನೆನಪಿರಬಹುದು. ಊರೆಲ್ಲ ಅದೇ ಮಾತು. ಕಾರ್ಯಕ್ರಮ ಬಂತು, ಹೋಯಿತು. ಅದೇ ವರ್ಷ ತೆರೆಕಂಡ ‘ವೈಲ್ಡ್ ಕರ್ನಾಟಕ’ದ ಮಾತು ಬೇರೆ. ಅಮೋಘವರ್ಷ ಮತ್ತು ಕಲ್ಯಾಣ್ ವರ್ಮಾ ಕೂಡ ಸ್ಥಿರಚಿತ್ರ ಹಿಡಿಯುತ್ತಲೇ ಸಿನಿಮಾಕ್ಕೆ ಬಂದವರು. ಇಂಗ್ಲಿಷಿನಲ್ಲಿ ಡೇವಿಡ್ ಅಟೆನ್‌ಬರೋ ದನಿ, ಕನ್ನಡದಲ್ಲಿ ರಿಷಬ್ ಶೆಟ್ಟಿ ದನಿ. ನಮ್ಮ ಗಡಿ ದಾಟಿ ಮುದುಮಲೆಗೆ ಹೋದರೆ ತೆಪ್ಪಕಾಡು ಆನೆ ಶಿಬಿರ. ಅಲ್ಲಿನ ಬೊಮ್ಮನ್, ಬೆಳ್ಳಿ ದಂಪತಿ ಮತ್ತು ರಘು ಎಂಬ ಆನೆಮರಿಯನ್ನು ಹಿಂಬಾಲಿಸಿ ಕಾರ್ತಿಕಿ ಗೊನ್ಸಾಲ್ವಿಸ್ ಮಾಡಿದ ‘ದಿ ಎಲಿಫೆಂಟ್ ವಿಸ್ಪರರ್ಸ್’ಗೆ 2023ರಲ್ಲಿ ಆಸ್ಕರ್ ಬಂತು. ಆಕೆಯೂ ಮೊದಲು ಛಾಯಾಚಿತ್ರಗಾರ್ತಿ. ಗುಂಡ್ಲುಪೇಟೆಯಿಂದ ಊಟಿ ಬಸ್ಸು ಹತ್ತಿದರೆ ಬಂಡೀಪುರ ದಾಟಿದ ಮೇಲೆ ಸಿಗುವ ಜಾಗ ಅದು. ಇಷ್ಟು ಸಣ್ಣ ಸುತ್ತಳತೆಯ ಕಾಡಿನಿಂದ ಒಂದು ಪಾಂಡಾ, ಒಂದು ಆಸ್ಕರ್. ಬೆಂಗಳೂರಿನ ದೊಡ್ಡ ದೊಡ್ಡ ಸಿನಿಮಾ ಕಂಪನಿಗಳ ಲೆಕ್ಕದಲ್ಲಿ ಇದು ಬಂದಿಲ್ಲ ಎನ್ನುವುದು ನನಗಂತೂ ತಮಾಷೆಯಾಗಿ ಕಾಣುತ್ತದೆ.

ಕೊನೆಯದಾಗಿ ಒಂದು ಕೋರಿಕೆ. ಗುಂಡ್ಲುಪೇಟೆಯ ಕಾಡಿನಲ್ಲಿ ಹುಟ್ಟಿದ ಈ ಕೆನ್ನಾಯಿ ಚಿತ್ರಗಳನ್ನು ಬ್ರಿಸ್ಟಲ್‌ನವರು ನೋಡಿದರು, ವಾಹಿನಿಗಳಿರುವ ದೇಶದೇಶಗಳವರು ನೋಡಿದರು. ಹಂಗಳದ, ಮಂಗಲದ, ಮೇಲುಕಾಮನಹಳ್ಳಿಯ ಶಾಲೆಯ ಮಕ್ಕಳು ನೋಡಬೇಕು. ಕಾಡಂಚಿನ ಊರಿನಲ್ಲಿ ಮೇಕೆ ಹೋದಾಗ ಸತ್ತ ಮೇಕೆಗೆ ವಿಷ ಹಾಕಿಡಬೇಕೋ ಬೇಡವೋ ಎಂದು ಮುಂದೊಂದು ದಿನ ತೀರ್ಮಾನ ಮಾಡುವವರು ಆ ಮಕ್ಕಳು. ಕೆನ್ನಾಯಿ ಈಗ ಅಳಿವಿನಂಚಿನ ಪಟ್ಟಿಯಲ್ಲಿರುವ ಪ್ರಾಣಿ, ಜಗತ್ತಿನಲ್ಲಿ ಹುಲಿಯಷ್ಟೇ ವಿರಳ. ಅರಣ್ಯ ಇಲಾಖೆಯ ಹತ್ತಿರ ಪ್ರೊಜೆಕ್ಟರ್ ಇದೆ, ಶಿಕ್ಷಣ ಇಲಾಖೆಯ ಹತ್ತಿರ ಶಾಲೆಗಳಿವೆ, ಜಿಲ್ಲಾಡಳಿತ ಮನಸ್ಸು ಮಾಡಿದರೆ ವಾಹಿನಿಗಳಿಂದ ಅನುಮತಿ ಕೇಳುವುದು ಕಷ್ಟವಲ್ಲ. ಚಿತ್ರ ಕನ್ನಡದ ನಿರೂಪಣೆಯೊಂದಿಗೆ ಬರಲಿ, ಆ ನಿರೂಪಣೆ ಸಾಧ್ಯವಾದರೆ ಚಾಮರಾಜನಗರದ ಕನ್ನಡದಲ್ಲೇ ಇರಲಿ. ಚಿತ್ರ ಮುಗಿದ ಮೇಲೆ ಊರಿನ ಒಬ್ಬ ಹಳೆಯ ವಾಚರನ್ನೋ, ಹಾಡಿಯ ಹಿರಿಯನನ್ನೋ ಕರೆದು ಮುಂದೆ ಕೂರಿಸಿ ಮಕ್ಕಳಿಂದ ಪ್ರಶ್ನೆ ಕೇಳಿಸಿ. ತಾಲ್ಲೂಕು ಗ್ರಂಥಾಲಯಗಳಿಗೆ ‘ಕೆನ್ನಾಯಿಯ ಜಾಡಿನಲ್ಲಿ’ ತರಿಸಿಡಿ. ಇದನ್ನು ಕೇಳುತ್ತಿರುವ ಮೇಷ್ಟ್ರುಗಳಿದ್ದರೆ, ಸರ್ಕಾರದ ಆದೇಶ ಬರುವವರೆಗೆ ಕಾಯಬೇಡಿ. ನಿಮ್ಮ ಶಾಲೆಯ ಮುಂದಿನ ಸಭೆಯಲ್ಲೇ ಈ ವಿಷಯ ಎತ್ತಿ.